ಹಳೆಯ ಎಲ್‌ಎ-2ಎ ಕಂಪ್ರೆಸರ್‌ನ ಚಟಪಟ ಸದ್ದು: ಗುಂಪಿನ ಪ್ರಶ್ನೋತ್ತರ

ಅಂಧೇರಿಯ ಸದಸ್ಯರು: ನಮಸ್ಕಾರ ಸರ್. ನಮ್ಮ ಸ್ಟುಡಿಯೋದ, ಧ್ವನಿಯ ಏರಿಳಿತ ತಗ್ಗಿಸುವ ಯಂತ್ರವಾದ ಎಲ್‌ಎ-2ಎ ಬಿಸಿಯಾದೊಡನೆ ಚಟಪಟ ಎನ್ನುತ್ತದೆ. ಗೇನ್ (ಧ್ವನಿ ಹೆಚ್ಚಿಸುವ ಮಟ್ಟ) ಸೊನ್ನೆಗಿಳಿಸಿದರೂ ನಿಲ್ಲುವುದಿಲ್ಲ. ಬೆಳಕಿನ ಮೂಲಕ ಧ್ವನಿ ತಗ್ಗಿಸುವ ಆಪ್ಟಿಕಲ್ ಸೆಲ್ ಬದಲಿಸಬೇಕೆಂದು ಒಬ್ಬರು ಹೇಳುತ್ತಿದ್ದಾರೆ. ಬದಲಿಸಲೇ?

ತಂತ್ರಜ್ಞರು: ಈಗಲೇ ಹಣ ಹಾಕಬೇಡಿ. ಈ ಯಂತ್ರದಲ್ಲಿ ಗೇನ್ ಪಾಟ್ (ತಿರುಗಿಸುವ ನಿಯಂತ್ರಕ) ಇರುವುದು ಸೆಲ್ಲಿನ ನಂತರ, ಮೊದಲ ವಾಲ್ವಿನ (ಧ್ವನಿ ಹೆಚ್ಚಿಸುವ ಗಾಜಿನ ಕೊಳವೆ) ಮುಂಚೆ. ಆದ್ದರಿಂದ ಗೇನ್ ಸೊನ್ನೆಯಲ್ಲಿದ್ದಾಗಲೂ ಉಳಿಯುವ ಸದ್ದಿನ ಮೂಲ ಅಲ್ಲಿಂದ ಮುಂದೆ ಇರಬೇಕು. ಖಾತ್ರಿ ಬೇಕಿದ್ದರೆ ಪವರ್ ತೆಗೆದು, ಟಿ4ಬಿ ಎಂಬ ಆ ಸೆಲ್ಲನ್ನು ಸಾಕೆಟ್ಟಿನಿಂದ ಹೊರತೆಗೆದು, ಮತ್ತೆ ಪವರ್ ಕೊಟ್ಟು ಕೇಳಿ: ಕಂಪ್ರೆಷನ್ ಇಲ್ಲದೆ ಧ್ವನಿ ಹಾಗೆಯೇ ಹಾದುಹೋಗುತ್ತದೆ. ಆಗಲೂ ಚಟಪಟ ಇದ್ದರೆ ಸೆಲ್ಲಿನ ತಪ್ಪಿಲ್ಲ. ಆಮೇಲೆ ಪವರ್ ತೆಗೆದು, ಧ್ವನಿಯ ದಾರಿಯ 12ಎಎಕ್ಸ್7 ಮತ್ತು ಸೈಡ್‌ಚೈನಿನ (ಸೆಲ್ಲನ್ನು ನಡೆಸುವ ದಾರಿ) 12ಎಎಕ್ಸ್7 ವಾಲ್ವ್‌ಗಳನ್ನು ಅದಲುಬದಲು ಮಾಡಿ. ಕಡಲ ಗಾಳಿಗೆ ಕಪ್ಪಾದ ಸಾಕೆಟ್ ಪಿನ್ನುಗಳನ್ನೂ ಶುಚಿಗೊಳಿಸಿ. ಸದ್ದು ಹೋಗದಿದ್ದರೆ ನನ್ನ ಗುಮಾನಿ ವಾಲ್ವಿನ ಪ್ಲೇಟಿಗೆ ವಿದ್ಯುತ್ ಕೊಡುವ, ಇಂಗಾಲದ ಮಿಶ್ರಣದ ಕಾರ್ಬನ್ ಕಾಂಪೊಸಿಷನ್ ರೆಸಿಸ್ಟರ್‌ಗಳ ಮೇಲೆ, ಏಕೆಂದರೆ ಅವು ವಯಸ್ಸಾದಂತೆ ಬಿಸಿಯಲ್ಲಿ ಚಟಪಟ ಎನ್ನುತ್ತವೆ. ಸ್ವಿಚ್ ಆಫ್ ಮಾಡಿದ ಮೇಲೂ ವಿದ್ಯುತ್ ಕೂಡಿಡುವ ಫಿಲ್ಟರ್ ಕೆಪಾಸಿಟರ್‌ಗಳಲ್ಲಿ 200 ವೋಲ್ಟಿಗಿಂತ ಹೆಚ್ಚು ಉಳಿದಿರಬಹುದು. ಅದನ್ನು ಖಾಲಿ ಮಾಡದೆ, ಖಾಲಿಯಾಯಿತೇ ಎಂದು ಮೀಟರಿನಲ್ಲಿ ನೋಡದೆ ಕೈ ಹಾಕಿದರೆ ಜೀವಕ್ಕೇ ಅಪಾಯ.

ಪುಣೆಯ ಸದಸ್ಯರು: ನಮ್ಮದರಲ್ಲಿ ನಾಬ್ ತಿರುಗಿಸಿದಾಗ ಮಾತ್ರ ಕರಕರ ಸದ್ದು ಬರುತ್ತದೆ.

ತಂತ್ರಜ್ಞರು: ಪಾಟ್ ಕೊಳೆಯಾಗಿದೆ. ಕಾಂಟ್ಯಾಕ್ಟ್ ಕ್ಲೀನರ್ ಹಾಕಿ ಹಲವು ಬಾರಿ ತಿರುಗಿಸಿ.

ಠಾಣೆಯ ಸದಸ್ಯರು: ಒಂದು ವಾಟ್ಸಪ್ ಸಂದೇಶ ಬಂದಿದೆ: ತುಕ್ಕು ಬಿಡಿಸುವ ಎಣ್ಣೆ ಸಿಂಪಡಿಸಿ, ಸೆಲ್ಲಿನ ಡಬ್ಬಿ ಬಿಚ್ಚಿ ಬಿಸಿಲಿಗಿಟ್ಟರೆ ಎಲ್ಲವೂ ಸರಿಯಾಗುತ್ತದಂತೆ.

ತಂತ್ರಜ್ಞರು: ಯಾರೂ ಇದನ್ನು ಮಾಡಬೇಡಿ. ಒಳಗಿರುವುದು ಕ್ಯಾಡ್ಮಿಯಮ್ ಸಲ್ಫೈಡ್, ಅದು ವಿಷಕಾರಿ. ಕತ್ತಲಲ್ಲಿರಬೇಕಾದ ಆ ಭಾಗಕ್ಕೆ ಬಿಸಿಲು ತಾಗಿದರೆ ಅದರ ವರ್ತನೆ ಬಹಳ ಹೊತ್ತು ಬದಲಾಗಿರುತ್ತದೆ. ಎಣ್ಣೆಗೆ ಧೂಳು ಅಂಟಿಕೊಳ್ಳುತ್ತದೆ. ಇಂಥ ಸಂದೇಶಗಳನ್ನು ಇಲ್ಲಿ ಹಾಕಬೇಡಿ.

ಮಡಗಾಂವ್‌ನ ಸದಸ್ಯರು: ನಾಬ್ ತಿರುಗಿಸಿದಾಗ ಸದ್ದು ಬಂದರೆ ಏನು ಮಾಡಬೇಕು?

ತಂತ್ರಜ್ಞರು: ಮೇಲೆ ಬರೆದಿದ್ದೇನೆ.

ಡೊಂಬಿವಲಿಯ ಸದಸ್ಯರು: ಕಾರ್ಬನ್ ರೆಸಿಸ್ಟರ್ ತೆಗೆದರೆ ಹಳೆಯ ಯಂತ್ರದ ನಾದವೇ ಹೋಗುತ್ತದೆ.

ಮಾಟುಂಗಾದ ಸದಸ್ಯರು: ಚಟಪಟ ಎನ್ನುವ ರೆಸಿಸ್ಟರಿನಲ್ಲಿ ತಮಗೆ ಯಾವ ನಾದ ಕೇಳಿಸಿತು? ಸ್ವಂತ ಕಿವಿಯಿಂದ ಕೇಳಿ ಹೇಳಿ.

ಡೊಂಬಿವಲಿಯ ಸದಸ್ಯರು: ನನ್ನ ಕಿವಿಯ ವಿಚಾರ ತಮಗೆ ಬೇಡ.



ಮಾಟುಂಗಾದ ಸದಸ್ಯರು: ಉತ್ತರವಿಲ್ಲದವರು ಹೀಗೆಯೇ ಸಿಟ್ಟಾಗುತ್ತಾರೆ.

ಅಂಧೇರಿಯ ಸದಸ್ಯರು: ಸರ್, ಸೆಲ್ ತೆಗೆದರೂ ವಾಲ್ವ್ ಅದಲುಬದಲು ಮಾಡಿದರೂ ಸದ್ದು ಇದೆ. ನಮ್ಮ ಮೆಕ್ಯಾನಿಕ್ ಅಳೆದಾಗ ಪ್ರತಿ ಚಟಪಟಕ್ಕೂ ಪ್ಲೇಟಿನ ವೋಲ್ಟೇಜ್ ಜಿಗಿಯುತ್ತಿತ್ತು.

ತಂತ್ರಜ್ಞರು: ಹಾಗಾದರೆ ಆ ಪ್ಲೇಟ್ ರೆಸಿಸ್ಟರ್ ಬದಲಿಸಿ. ಓಮ್ ಅಷ್ಟೇ ಇರಲಿ, ವ್ಯಾಟ್ ಒಂದು ಮೆಟ್ಟಿಲು ಹೆಚ್ಚಿರಲಿ, ಮೆಟಲ್ ಫಿಲ್ಮ್ ಆಗಿರಲಿ. ಮುಂಬೈಯ ಲ್ಯಾಮಿಂಗ್ಟನ್ ರೋಡಿನಲ್ಲಿ ಸಿಗುತ್ತದೆ. ನಾದದ ವಾದ ಮಾಡುವವರು ದಯವಿಟ್ಟು ಬೇರೆಡೆ ಮಾಡಿಕೊಳ್ಳಿ.