ಟಿ.ವಿ. ಸಾಕ್ಷ್ಯಚಿತ್ರ ನಿರ್ಮಾಪಕಿಗೆ ನಿಮ್ಮ ಪ್ರಶ್ನೆಗಳು

ನಿರ್ವಾಹಕರು: ಪ್ರಚಲಿತ ವಿದ್ಯಮಾನ ಮತ್ತು ಸಾಕ್ಷ್ಯಚಿತ್ರಗಳ ನಿರ್ಮಾಣದಲ್ಲಿ ಇಪ್ಪತ್ತು ವರ್ಷ ದುಡಿದು ಈಗ ಹಾಸನದಲ್ಲಿ ನೆಲೆಸಿರುವ ನಮ್ಮ ಬಳಗದ ಸದಸ್ಯೆಯೊಬ್ಬರು ಇಂದು ಸಂಜೆ ಈ ವೃತ್ತಿಯ ಕುರಿತು ಉತ್ತರಿಸಲಿದ್ದಾರೆ.

ಅರಸೀಕೆರೆಯ ಸದಸ್ಯ: ಮೇಡಂ, ನಿರ್ಮಾಪಕನಾಗಲು ಯಾವ ಕೋರ್ಸ್ ಮಾಡಬೇಕು, ಯಾವ ಕ್ಯಾಮೆರಾ ಕೊಳ್ಳಬೇಕು?

ನಿರ್ಮಾಪಕಿ: ಪುಣೆಯ ಚಲನಚಿತ್ರ ಮತ್ತು ಟೆಲಿವಿಷನ್ ಸಂಸ್ಥೆಯಲ್ಲಿ ಟೆಲಿವಿಷನ್ ಕೋರ್ಸ್‌ಗಳಿವೆ, ಪ್ರವೇಶ ಪರೀಕ್ಷೆ ಬರೆಯಬೇಕು. ಆದರೆ ಕ್ಯಾಮೆರಾ ಹಿಡಿಯುವುದು ನಿರ್ಮಾಪಕರ ಕೆಲಸವಲ್ಲ. ವಿಷಯ ಹುಡುಕಿ, ದಾಖಲೆ ಪರಿಶೀಲಿಸಿ, ಮಾತನಾಡುವವರನ್ನು ಒಪ್ಪಿಸಿ, ಖರ್ಚಿನ ಲೆಕ್ಕವಿಟ್ಟು, ಸಂಕಲನದಲ್ಲಿ ಏನು ಉಳಿಯಬೇಕೆಂದು ತೀರ್ಮಾನಿಸುವುದರಿಂದ ಹಿಡಿದು ಪ್ರಸಾರದ ನಂತರ ಬರುವ ವಕೀಲರ ನೋಟಿಸಿಗೆ ಉತ್ತರ ಕೊಡುವವರೆಗೆ ಎಲ್ಲವೂ ಅವರ ಹೊಣೆ.

ಚಿಕ್ಕಮಗಳೂರಿನ ಸದಸ್ಯೆ: ಆರಂಭದಲ್ಲಿ ಸಂಬಳ ಎಷ್ಟಿರುತ್ತದೆ? ರಾತ್ರಿ ಪಾಳಿ ಕಡ್ಡಾಯವೇ?

ಬೇಲೂರಿನ ಸದಸ್ಯ: ಮೂವತ್ತು ಸೆಕೆಂಡಿಗಿಂತ ಕಡಿಮೆ ಹಾಡು ಬಳಸಿ ‘ಕೃಪೆ’ ಎಂದು ಹಾಕಿದರೆ ಕೃತಿಸ್ವಾಮ್ಯದ ತೊಂದರೆಯಿಲ್ಲ ಎಂದು ಒಂದು ಸಂದೇಶ ಬಂದಿದೆ. ನಿಜವೇ?

ನಿರ್ಮಾಪಕಿ: ಸುಳ್ಳು. 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಸೆಕೆಂಡುಗಳ ಲೆಕ್ಕದ ವಿನಾಯಿತಿಯೇ ಇಲ್ಲ. 52ನೇ ಕಲಮು ಪ್ರಚಲಿತ ಘಟನೆಗಳ ವರದಿಗೆ ನ್ಯಾಯೋಚಿತ ಬಳಕೆಯನ್ನು ಒಪ್ಪುತ್ತದೆ, ಆದರೆ ಕಾಫಿ ಹೂವಿನ ದೃಶ್ಯದ ಹಿಂದೆ ಸಿನಿಮಾ ಹಾಡು ಹಾಕುವುದು ವರದಿಯಲ್ಲ.

ಸಕಲೇಶಪುರದ ಸದಸ್ಯ: ಮೇಡಂ, ಕಾಫಿ ತೋಟವೊಂದರ ಲೈನ್ ಮನೆಯಲ್ಲಿರುವ (ಕಾರ್ಮಿಕರಿಗೆಂದು ಸಾಲಾಗಿ ಕಟ್ಟಿದ ಮನೆ) ಹೆಣ್ಣುಮಗಳೊಬ್ಬಳು ಕೂಲಿ ಬಾಕಿಯ ಬಗ್ಗೆ ಮಾತನಾಡಿದ್ದಾಳೆ. ಮುಖವನ್ನು ಮಸುಕು ಮಾಡಿದ ಅರ್ಧ ನಿಮಿಷದ ತುಣುಕನ್ನು ಬೆಳಿಗ್ಗೆ ಇದೇ ಗುಂಪಿನಲ್ಲಿ ಹಾಕಿದ್ದೇನೆ. ಚಾನೆಲ್‌ಗೆ ಕೊಡಬಹುದೇ?

ನಿರ್ಮಾಪಕಿ: ಮೊದಲು ಆ ತುಣುಕನ್ನು ಇಲ್ಲಿಂದ ತೆಗೆಯಿರಿ. ನಾನು ಅದನ್ನು ನಾಲ್ಕು ಸಲ ನೋಡಿದೆ. ಮುಖ ಕಾಣುವುದಿಲ್ಲ, ನಿಜ. ಆದರೆ ಆಕೆಯ ಹಿಂದಿರುವ ನೀಲಿ ಡ್ರಮ್ಮಿನ ಮೇಲೆ ಕೆಂಪು ಬಣ್ಣದಲ್ಲಿ ತೋಟದ ಗುರುತಿದೆ, ಬಾಗಿಲ ಮೇಲೆ ಮನೆಯ ಸಂಖ್ಯೆಯಿದೆ, ಹನ್ನೆರಡನೆಯ ಸೆಕೆಂಡಿನಲ್ಲಿ ಯಾರೋ ಆಕೆಯನ್ನು ಹೆಸರು ಹಿಡಿದು ಕರೆಯುತ್ತಾರೆ. ಆಕೆಯ ಧ್ವನಿ ಒಂದೇ ಸಾಕು, ತೋಟದ ಲೆಕ್ಕ ಬರೆಯುವ ರೈಟರ್ ಗುರುತು ಹಿಡಿಯುತ್ತಾನೆ. ಲೈನ್ ಮನೆ ಮಾಲೀಕರದ್ದಾದ್ದರಿಂದ ಕೆಲಸ ಹೋದ ದಿನವೇ ಸೂರೂ ಹೋಗಬಹುದು. ಒಪ್ಪಿಗೆ ಕೇಳುವಾಗ ಇದನ್ನು ಆಕೆಗೆ ಬಿಡಿಸಿ ಹೇಳಿದಿರಾ? ಧ್ವನಿಯನ್ನು ದಪ್ಪ ಮಾಡಿದರೆ ಸಾಲದು, ಅದನ್ನು ಮತ್ತೆ ಸರಿಪಡಿಸಿ ಕೇಳಬಹುದು. ಆಕೆಯ ಮಾತನ್ನು ಬೇರೆಯವರಿಂದ ಓದಿಸಿ. ಇನ್ನೂ ನಾಲ್ಕಾರು ಲೈನ್‌ಗಳಲ್ಲಿ ಮಾತನಾಡಿಸಿ, ಕೂಲಿ ಚೀಟಿಗಳನ್ನು ತಾಳೆ ನೋಡಿ, ಒಬ್ಬಳ ದೂರು ಎಂದು ಗೊತ್ತಾಗದಂತೆ ಎಲ್ಲ ಲೈನ್‌ಗಳ ಬಗ್ಗೆಯೂ ಮಾಲೀಕರಿಗೆ ಲಿಖಿತ ಪ್ರಶ್ನೆ ಕಳುಹಿಸಿ ಉತ್ತರಕ್ಕೆ ಸಮಯ ಕೊಡಿ. ಮಸುಕು ಮಾಡದ ಮೂಲ ದೃಶ್ಯವನ್ನು ಚಾನೆಲ್‌ನವರು ಕೇಳಿದರೂ ವಾಟ್ಸಾಪಿನಲ್ಲಿ ಕಳುಹಿಸಬೇಡಿ.

ಮೂಡಿಗೆರೆಯ ಬೆಳೆಗಾರ: ಮುಂಗಡ ಪಡೆದು ರಾತ್ರೋರಾತ್ರಿ ಹೋದ ಕಾರ್ಮಿಕರ ಕಥೆಯನ್ನು ಯಾವ ಟಿ.ವಿ. ತೋರಿಸಿದೆ? ಒಂದೇ ಕಡೆಯ ಮಾತು ಕೇಳಿ ತೀರ್ಪು ಕೊಡಬೇಡಿ.

ಆಲೂರಿನ ಸದಸ್ಯ: ಮುಂಗಡದ ಲೆಕ್ಕ ಬರೆಯುವ ಪುಸ್ತಕ ಯಾರ ಕೈಯಲ್ಲಿರುತ್ತದೆ ಸ್ವಾಮಿ?

ಮೂಡಿಗೆರೆಯ ಬೆಳೆಗಾರ: ತೋಟ ನಡೆಸಿ ನೋಡಿ, ಆಮೇಲೆ ಮಾತನಾಡಿ.

ನಿರ್ಮಾಪಕಿ: ಮಾಲೀಕರ ಉತ್ತರ ಕೇಳಬೇಕೆಂದು ಮೇಲೆಯೇ ಬರೆದಿದ್ದೇನೆ. ಪೂರ್ತಿ ಓದಿ.

ತರೀಕೆರೆಯ ಸದಸ್ಯ: 250 ಗ್ರಾಂಗಿಂತ ಹಗುರವಾದ ಡ್ರೋನ್‌ಗೆ ಯಾರ ಅನುಮತಿಯೂ ಬೇಡವೆಂಬ ಸಂದೇಶ ಬಂದಿದೆ. ಮುತ್ತೋಡಿಯಲ್ಲಿ ಹಾರಿಸಬಹುದೇ?

ನಿರ್ಮಾಪಕಿ: ಇಂಥ ಸಂದೇಶಗಳನ್ನು ನಂಬಿ ಹೋದವರು ಕೊನೆಗೆ ಕ್ಯಾಮೆರಾ ಬಿಡಿಸಿಕೊಡಿ ಎಂದು ನನಗೇ ಫೋನ್ ಮಾಡುತ್ತಾರೆ. 2021ರ ಡ್ರೋನ್ ನಿಯಮಗಳಲ್ಲಿ ಆ ತೂಕಕ್ಕೆ ಪೈಲಟ್ ಪ್ರಮಾಣಪತ್ರದಿಂದ ವಿನಾಯಿತಿಯಿದೆ. ಆದರೆ ಮುತ್ತೋಡಿ ಇರುವುದು ಭದ್ರಾ ಅಭಯಾರಣ್ಯದಲ್ಲಿ, ಅದರೊಳಗೆ ಚಿತ್ರೀಕರಣಕ್ಕೆ 1972ರ ವನ್ಯಜೀವಿ ಕಾಯ್ದೆಯಡಿ ಅರಣ್ಯ ಇಲಾಖೆಯ ಪರವಾನಗಿ ಬೇಕೇ ಬೇಕು.

ಹೊಳೆನರಸೀಪುರದ ಸದಸ್ಯ: ಉಪಗ್ರಹಗಳನ್ನು ನಿಯಂತ್ರಿಸುವ ಇಸ್ರೋ ಕೇಂದ್ರ ಹಾಸನದಲ್ಲೇ ಇದೆಯಲ್ಲ, ಅಲ್ಲಿ ಟಿ.ವಿ. ಕೆಲಸ ಸಿಗುತ್ತದೆಯೇ? ಹಾಗೆಯೇ ಯಾವ ಕ್ಯಾಮೆರಾ ಒಳ್ಳೆಯದು?

ನಿರ್ಮಾಪಕಿ: ಅದು ಎಂಜಿನಿಯರುಗಳ ಕೆಲಸ. ಕ್ಯಾಮೆರಾದ ಬಗ್ಗೆ ಮೊದಲ ಉತ್ತರ ನೋಡಿ.

ಚಿಕ್ಕಮಗಳೂರಿನ ಸದಸ್ಯೆ: ಸಂಬಳದ ಪ್ರಶ್ನೆಗೆ ಉತ್ತರ ಬರಲಿಲ್ಲ.

ಆಲೂರಿನ ಸದಸ್ಯ: ಬೆಳೆಗಾರರು ಕೂಲಿ ಪುಸ್ತಕ ತೋರಿಸಲಿ, ನಾವು ಸುಮ್ಮನಾಗುತ್ತೇವೆ.

ನಿರ್ವಾಹಕರು: ಇಬ್ಬರೂ ದಯವಿಟ್ಟು ನಿಲ್ಲಿಸಿ.

ಸಕಲೇಶಪುರದ ಸದಸ್ಯ: ತುಣುಕನ್ನು ತೆಗೆದಿದ್ದೇನೆ ಮೇಡಂ. ಆದರೆ ಅಷ್ಟರಲ್ಲಿ ಯಾರೋ ಅದನ್ನು ಬೆಳೆಗಾರರ ಗುಂಪೊಂದಕ್ಕೆ ಕಳುಹಿಸಿಬಿಟ್ಟಿದ್ದಾರೆ.

ನಿರ್ಮಾಪಕಿ: ಇನ್ನೇನನ್ನೂ ಇಲ್ಲಿ ಬರೆಯಬೇಡಿ. ಈಗಲೇ ನನಗೆ ಕರೆ ಮಾಡಿ.