ಬೆಳ್ಳಂದೂರು ಕೆರೆಯ ಕ್ಯಾಟಲೀನಾ ಮತ್ತು ಕೊಗ್ಗಲದ 413ನೇ ಸ್ಕ್ವಾಡ್ರನ್

ಕೆರೆಕೋಡಿ:
ನಮ್ಮ ತಾತ ಎರಡನೇ ಮಹಾಯುದ್ಧದ ಕಾಲದಲ್ಲಿ ಬೆಂಗಳೂರಿನ ಹಿಂದುಸ್ತಾನ್ ಏರ್‌ಕ್ರಾಫ್ಟ್ ಕಾರ್ಖಾನೆಯಲ್ಲಿ ಫಿಟ್ಟರ್ ಆಗಿದ್ದರು. ರಿಪೇರಿಗೆಂದು ಕ್ಯಾಟಲೀನಾ, ಅಂದರೆ ನೀರಿನ ಮೇಲೆ ಇಳಿಯುವ ಗಸ್ತು ವಿಮಾನ, ಬೆಳ್ಳಂದೂರು ಕೆರೆಗೆ ಇಳಿದರೆ ಎದೆಮಟ್ಟದ ನೀರಿನಲ್ಲಿ ನಿಂತು ಅದಕ್ಕೆ ಚಕ್ರ ಸಿಕ್ಕಿಸಿ ದಡಕ್ಕೆ ಎಳೆಯುತ್ತಿದ್ದರಂತೆ. ರಿವೆಟ್ ಸಾಲುಗಳ ಸುತ್ತ ಕಡಲಿನ ಉಪ್ಪು ತಿಂದ ಅಲ್ಯೂಮಿನಿಯಂ ಸುಣ್ಣದ ಪುಡಿಯ ಹಾಗೆ ಉದುರುತ್ತಿತ್ತು ಎನ್ನುತ್ತಿದ್ದರು. ಕಳೆದ ತಿಂಗಳು ಶ್ರೀಲಂಕಾದ ಕೊಗ್ಗಲ ಸರೋವರದ ದಡದಲ್ಲಿ ನಿಂತಾಗ ಅದೇ ಮಾತು ನೆನಪಾಯಿತು. ಕೆನಡಾ ವಾಯುಪಡೆಯ 413ನೇ ಸ್ಕ್ವಾಡ್ರನ್ನಿನ (ವಿಮಾನದಳದ) ಕ್ಯಾಟಲೀನಾಗಳು ಹಾರಿದ್ದು ಅಲ್ಲಿಂದಲೇ. ಅದರ ಒಬ್ಬ ಪೈಲಟ್ ಲಂಕೆಯನ್ನು ಉಳಿಸಿದ ಎನ್ನುತ್ತಾರೆ. ನಿಜವಾಗಿ ನಡೆದದ್ದೇನು?

ಅಳಿವೆ:
ಆ ಪೈಲಟ್ ಲಿಯೊನಾರ್ಡ್ ಬರ್ಚಲ್. ಸ್ಕಾಟ್ಲೆಂಡಿನಲ್ಲಿ 1941ರಲ್ಲಿ ಹುಟ್ಟಿದ ಸ್ಕ್ವಾಡ್ರನ್ ಶೆಟ್‌ಲೆಂಡಿನ ಚಳಿಯಿಂದ ನೇರ ಕೊಗ್ಗಲಕ್ಕೆ ಬಂದಿತ್ತು. 1942ರ ಏಪ್ರಿಲ್ 4ರಂದು, ಕೊಗ್ಗಲ ತಲುಪಿ ಎರಡೇ ದಿನವಾಗಿರುವಾಗ, ಬರ್ಚಲ್ ನಸುಕಿನಲ್ಲಿ ಗಸ್ತಿಗೆ ಹೊರಟರು. ಸಂಜೆ ನಾಲ್ಕರ ಸುಮಾರಿಗೆ, ಲಂಕೆಯ ದಕ್ಷಿಣಕ್ಕೆ ಸುಮಾರು 350 ಮೈಲಿ ದೂರದಲ್ಲಿ, ದಿಗಂತದಲ್ಲೊಂದು ಚುಕ್ಕೆ ಕಂಡಿತು. ಹತ್ತಿರ ಹೋದರೆ ಜಪಾನಿ ಅಡ್ಮಿರಲ್ ನಗುಮೊನ ಇಡೀ ನೌಕಾಪಡೆ, ಐದು ವಿಮಾನವಾಹಕ ಹಡಗುಗಳ ಸಮೇತ. ಹಡಗುಗಳನ್ನು ಎಣಿಸಿ ಸಂದೇಶ ಕಳುಹಿಸುತ್ತಿರುವಾಗಲೇ ಜಪಾನಿನ ಝೀರೊ ಯುದ್ಧವಿಮಾನಗಳು ಮೇಲೆರಗಿದವು, ರೇಡಿಯೊ ಪುಡಿಯಾಯಿತು. ಒಂಬತ್ತು ಜನರಲ್ಲಿ ಮೂವರು ಸತ್ತರು. ಉಳಿದ ಆರು ಜನರನ್ನು ಜಪಾನಿ ಹಡಗು ಎತ್ತಿಕೊಂಡಿತು. ಬರ್ಚಲ್ 1945ರವರೆಗೆ ಸೆರೆಯಲ್ಲಿದ್ದರು.

ಮರುದಿನ ಈಸ್ಟರ್ ಭಾನುವಾರ ಕೊಲಂಬೊ ಮೇಲೆ ದಾಳಿಯಾಯಿತು. ಆದರೆ ಬರ್ಚಲ್ ಅವರ ಎಚ್ಚರಿಕೆ ಅಷ್ಟರಲ್ಲಿ ತಲುಪಿತ್ತು, ದಾಳಿಗೆ ಮುನ್ನವೇ ಬಂದರಿನಿಂದ ಹಲವು ಹಡಗುಗಳನ್ನು ಹೊರಗೆ ಕಳುಹಿಸಲಾಗಿತ್ತು. ಲಂಕೆಯನ್ನು ಉಳಿಸಿದ ಎನ್ನುವುದು ಅದಕ್ಕೇ.

ನಿಮ್ಮ ತಾತ ಎಳೆದದ್ದು ಆ ವಿಮಾನವನ್ನಲ್ಲ, ಅದು ಕಡಲ ತಳದಲ್ಲಿದೆ. ಆದರೆ ಜಾತಿ ಅದೇ.

ಹಳೆಯ ದೀಪಸ್ತಂಭ:
ಬರ್ಚಲ್ ಅವರ ಧೈರ್ಯಕ್ಕೆ ತಲೆಬಾಗುತ್ತೇನೆ, ಆದರೆ 'ಲಂಕೆಯನ್ನು ಉಳಿಸಿದ' ಎಂಬ ಮಾತು ನನಗೆ ಒಪ್ಪಿಗೆಯಿಲ್ಲ. ಎಚ್ಚರಿಕೆ ಬಂದಿದ್ದರೂ ಕೊಲಂಬೊ ಬಳಿಯ ರತ್ಮಲಾನ ವಿಮಾನನಿಲ್ದಾಣದ ಯುದ್ಧವಿಮಾನಗಳು ನೆಲದ ಮೇಲಿರುವಾಗಲೇ ಶತ್ರುಗಳು ಬಂದುಬಿಟ್ಟರು. ಅದೇ ದಿನ ಡಾರ್ಸೆಟ್‌ಶೈರ್, ಕಾರ್ನ್‌ವಾಲ್ ಎಂಬ ಬ್ರಿಟಿಷರ ಎರಡು ಕ್ರೂಸರ್ ಯುದ್ಧನೌಕೆಗಳು ಮುಳುಗಿದವು. ಏಪ್ರಿಲ್ 9ರಂದು ಇದೇ ಸ್ಕ್ವಾಡ್ರನ್ನಿನ ಇನ್ನೊಂದು ಕ್ಯಾಟಲೀನಾ ಅದೇ ನೌಕಾಪಡೆಯನ್ನು ಪತ್ತೆಹಚ್ಚಿತು. ಅದರ ಕ್ಯಾಪ್ಟನ್ ರೇ ಥಾಮಸ್. ಆ ತಂಡದಲ್ಲಿ ಒಬ್ಬರೂ ಮರಳಲಿಲ್ಲ. ಬರ್ಚಲ್ ಹೆಸರು ಹೇಳುವವರೆಲ್ಲ ಥಾಮಸ್ ಹೆಸರನ್ನೂ ಹೇಳಬೇಕು.

ಅಳಿವೆ:
ಒಪ್ಪುತ್ತೇನೆ. ಥಾಮಸ್ ಅವರನ್ನು ನಾನು ಬಿಡಬಾರದಿತ್ತು.

ಕೆರೆಕೋಡಿ:
ಇಬ್ಬರಿಗೂ ಕೃತಜ್ಞತೆ. ರೇ ಥಾಮಸ್ ಹೆಸರನ್ನು ನಾನು ಕೇಳಿಯೇ ಇರಲಿಲ್ಲ. ತಾತ ಇನ್ನೊಂದು ಸಂಗತಿ ಹೇಳುತ್ತಿದ್ದರು. ದೂರದ ಗಸ್ತಿಗೆಂದು ಆ ವಿಮಾನದೊಳಗೆ ಮಲಗುವ ಬಂಕ್, ಸಣ್ಣ ಒಲೆ ಇರುತ್ತಿದ್ದವು. ಒಮ್ಮೆ ಒಲೆಯ ಪಕ್ಕದಲ್ಲಿ ಅರ್ಧ ತುಂಬಿದ ಚಹಾಪುಡಿಯ ಡಬ್ಬಿ ಸಿಕ್ಕಿತಂತೆ. ರಿಪೇರಿ ಮುಗಿಯುವವರೆಗೆ ಅದನ್ನು ಜೋಪಾನವಾಗಿಟ್ಟು, ಮತ್ತೆ ಅದೇ ಜಾಗದಲ್ಲಿಟ್ಟು ಕಳುಹಿಸಿದರಂತೆ. ಕೆರೆಯಂಚಿನಲ್ಲಿ ವಿಮಾನ ಎಳೆಯುತ್ತಿದ್ದ ಇಳಿಜಾರಿನ ಹಳೆಯ ಚಿತ್ರ ಯಾರ ಬಳಿಯಾದರೂ ಇದ್ದರೆ ದಯವಿಟ್ಟು ಹಾಕಿ.