ಅಪರಾಧಿ ಬುಡಕಟ್ಟುಗಳ ಕಾಯ್ದೆಯನ್ನು ವಿಲೀನ ನೀತಿ ಎನ್ನಬಹುದೇ?

ಪ್ರಶ್ನೆ: ಕಾನೂನು ವಿದ್ಯಾರ್ಥಿನಿ, ಬೆಳಗಾವಿ

ವಸಾಹತು ಕಾನೂನು ಮತ್ತು ಮೂಲನಿವಾಸಿಗಳ ಹಕ್ಕುಗಳ ಕುರಿತು ಸೆಮಿನಾರ್ ಪ್ರಬಂಧ ಬರೆಯುತ್ತಿದ್ದೇನೆ. ಕೆನಡಾದ ಮೂಲನಿವಾಸಿಗಳ (ಅಲ್ಲಿ ಅವರನ್ನು ‘ಇಂಡಿಯನ್’ ಎನ್ನುತ್ತಿದ್ದರು) ಕುರಿತ 1876ರ ಇಂಡಿಯನ್ ಕಾಯ್ದೆಯ ಪಕ್ಕದಲ್ಲಿ ನಮ್ಮ ಭಾಗದ್ದನ್ನೂ ಇಡಬೇಕೆಂದು, ಕೆಲವು ಸಮುದಾಯಗಳನ್ನು ಹುಟ್ಟಿನಿಂದಲೇ ಅಪರಾಧಿಗಳೆಂದು ಬಗೆದ ಬ್ರಿಟಿಷರ 1871ರ ಅಪರಾಧಿ ಬುಡಕಟ್ಟುಗಳ ಕಾಯ್ದೆಯನ್ನು ಆರಿಸಿಕೊಂಡೆ. ಎರಡರ ಉದ್ದೇಶವೂ ಬುಡಕಟ್ಟುಗಳನ್ನು ಆಳುವವರ ಸಮಾಜದಲ್ಲಿ ಕರಗಿಸುವುದೇ, ಅಂದರೆ ವಿಲೀನವೇ, ಆಗಿತ್ತು ಎಂದು ಬರೆದಿದ್ದೆ. ಮಾರ್ಗದರ್ಶಕರು ಆ ಸಾಲಿನ ಕೆಳಗೆ ಕೆಂಪು ಗೆರೆ ಎಳೆದು, ‘ಆಧಾರ?’ ಎಂದಷ್ಟೇ ಬರೆದು ಮರಳಿಸಿದ್ದಾರೆ. ಹೋಲಿಕೆ ಎಲ್ಲಿ ತಪ್ಪಿದೆ?

ಉತ್ತರ: ನಿವೃತ್ತ ಉಪನ್ಯಾಸಕ, ಬಾಗಲಕೋಟೆ

ಮೊದಲು ಇಸವಿಯನ್ನು ಸರಿಪಡಿಸಿಕೊಳ್ಳಿ. 1871ರ ಕಾಯ್ದೆ ಜಾರಿಯಾದದ್ದು ಉತ್ತರ ಭಾರತದಲ್ಲಿ. ಮುಂಬಯಿ ಪ್ರಾಂತಕ್ಕೆ ಸೇರಿದ್ದ ನಮ್ಮ ಜಿಲ್ಲೆಗಳಿಗೆ ಅದರ ಬಿಸಿ ತಟ್ಟಿದ್ದು 1911ರ ಹೊಸ ಕಾಯ್ದೆಯಿಂದ.

ಕೆನಡಾದ ಕಾಯ್ದೆಗೆ ಮೂಲನಿವಾಸಿ ಎಂಬ ಗುರುತೇ ಅಳಿಯಬೇಕಿತ್ತು. 1876ರ ಪಠ್ಯದಂತೆ, ವಿಶ್ವವಿದ್ಯಾಲಯದ ಪದವಿ ಪಡೆದವನು ಅಥವಾ ವಕೀಲನಾದವನು ಅಷ್ಟರಿಂದಲೇ ‘ಇಂಡಿಯನ್’ ಸ್ಥಾನಮಾನ ಕಳೆದುಕೊಳ್ಳುತ್ತಿದ್ದ. ನೀವು ಕಾನೂನು ಓದುವವರು, ಇಲ್ಲಿ ತುಸು ನಿಂತು ಯೋಚಿಸಿ. 1927ರಿಂದ 1951ರವರೆಗೆ ಜಮೀನಿನ ಹಕ್ಕಿನ ದಾವೆಗೆಂದು ಸರ್ಕಾರದ ಅನುಮತಿಯಿಲ್ಲದೆ ಹಣ ಕೂಡಿಸುವುದೂ ಅಲ್ಲಿ ಅಪರಾಧವಾಗಿತ್ತು. ನಮ್ಮಲ್ಲಿ ನಡೆದದ್ದು ತಿರುವುಮುರುವು. ಹುಟ್ಟಿನ ಗುರುತನ್ನು ಅಳಿಸಲಿಲ್ಲ, ಪೊಲೀಸ್ ದಫ್ತರದಲ್ಲಿ ಬೆರಳಚ್ಚಿನೊಡನೆ ಬರೆದಿಟ್ಟರು. ಸಮುದಾಯದ ಹೆಸರು ಪಟ್ಟಿಗೆ ಸೇರಿದರೆ ಸಾಕು, ಏನೂ ಕದಿಯದವನೂ ನೋಂದಣಿಗೆ ಒಳಗಾಗಬಹುದಿತ್ತು.

ಉತ್ತರ: ಓದುಗ, ವಿಜಯಪುರ

ಬಾಗಲಕೋಟೆಯ ಗುರುಗಳ ಮಾತನ್ನು ಒಪ್ಪುತ್ತೇನೆ, ಪೂರ್ತಿಯಾಗಿ ಅಲ್ಲ. ಮಕ್ಕಳನ್ನು ತಂದೆತಾಯಿಯರಿಂದ ಬೇರ್ಪಡಿಸಿ ಕೈಗಾರಿಕಾ ಅಥವಾ ಸುಧಾರಣಾ ಶಾಲೆಗಳಲ್ಲಿ ಇಡುವ ಅಧಿಕಾರವನ್ನು 1911ರ ಕಾಯ್ದೆಯೂ ಸರ್ಕಾರಕ್ಕೆ ಕೊಟ್ಟಿತ್ತು. ಮೂಲನಿವಾಸಿ ಮಕ್ಕಳನ್ನು ಮನೆಯಿಂದ ಬಿಡಿಸಿ ಇಡುತ್ತಿದ್ದ ಕೆನಡಾದ ವಸತಿ ಶಾಲೆಗಳನ್ನು ನೆನಪಿಸುವ ಅಂಶ ಇದೇ.

ನನ್ನ ಅಜ್ಜ ಸೆಟ್ಲಮೆಂಟಿನಲ್ಲಿ, ಅಂದರೆ ಪಟ್ಟಿಗೆ ಸೇರಿದ ಸಮುದಾಯಗಳನ್ನು ಕಾವಲಿನಲ್ಲಿ ಇಡುತ್ತಿದ್ದ ವಸತಿಯಲ್ಲಿ, ಬೆಳೆದವರು. ಅಲ್ಲಿ ದಿನವೂ ಹಾಜರಿ ಇತ್ತು. ಬೀಗರ ಮದುವೆಗೆ ಸೊಲ್ಲಾಪುರಕ್ಕೆ ಹೋಗಬೇಕೆಂದರೂ ಪಾಸ್ ಬೇಕು, ಮರಳಿ ಬಂದ ಮೇಲೆ ಅದನ್ನು ತೋರಿಸಬೇಕು. ಮುಪ್ಪಿನಲ್ಲಿಯೂ, ನಸುಕಿನಲ್ಲಿ ಯಾರಾದರೂ ಅವರ ಹೆಸರು ಹಿಡಿದು ಕೂಗಿದರೆ, ಕಣ್ಣು ತೆರೆಯುವ ಮೊದಲೇ ‘ಹಾಜರ್’ ಎಂದು ಎದ್ದು ಕೂಡುತ್ತಿದ್ದರು. ಅಧಿಕಾರಿಗಳ ಬಾಯಲ್ಲಿ ಇದಕ್ಕೆ ಸುಧಾರಣೆ ಎಂಬ ಹೆಸರಿತ್ತು. ಸುಧಾರಿಸಿದವರನ್ನು ಸೊಲ್ಲಾಪುರದ ಗಿರಣಿಗಳು ಕೂಲಿಗೆ ತೆಗೆದುಕೊಂಡವು. ಕರಗಿಸುವ ಮಾತು ಅಲ್ಲಿಯೂ ಇತ್ತು, ಆದರೆ ಸಮಾಜದ ಕೆಳಮೆಟ್ಟಿಲಿನವರೆಗೆ ಮಾತ್ರ.

ವಿದ್ಯಾರ್ಥಿನಿ:

ಇಬ್ಬರಿಗೂ ಧನ್ಯವಾದಗಳು. ಹಾಗಿದ್ದರೆ 1857ರ ಹಲಗಲಿ ಬೇಡರ ಪ್ರಸಂಗವನ್ನೂ ಇದರಲ್ಲಿ ಸೇರಿಸಬಹುದೇ?

ಉತ್ತರ: ನಿವೃತ್ತ ಉಪನ್ಯಾಸಕ, ಬಾಗಲಕೋಟೆ

ಬೇಡ. ಹಲಗಲಿ ನಮ್ಮ ಮುಧೋಳದ ಮಗ್ಗುಲಿನ ಊರು, ಅಭಿಮಾನ ನನಗೂ ಇದೆ; ಆದರೆ ಅಲ್ಲಿ ಬೇಡರು ತಿರುಗಿಬಿದ್ದದ್ದು ಆಯುಧಗಳನ್ನು ಒಪ್ಪಿಸಬೇಕೆಂಬ ಕಾನೂನಿನ ವಿರುದ್ಧ. ಅದನ್ನು ಇಲ್ಲಿ ತುರುಕಿದರೆ ಪ್ರಬಂಧ ಸಡಿಲಾಗುತ್ತದೆ.

ವಿಜಯಪುರದ ಮಿತ್ರರ ತಿದ್ದುಪಡಿಯನ್ನು ಒಪ್ಪಿಕೊಂಡೆ. ಇನ್ನು ‘ವಿಲೀನ’ ಎಂಬ ಪದಕ್ಕೆ ಭಾರತದ ಆಧಾರವೇ ಬೇಕಿದ್ದರೆ ಸ್ವಾತಂತ್ರ್ಯದ ನಂತರ ಹುಡುಕಿ. ಬುಡಕಟ್ಟು ಜನರನ್ನು ಕ್ರಮೇಣ ರಾಷ್ಟ್ರಜೀವನದಲ್ಲಿ ಸೇರಿಸಿಕೊಳ್ಳುವುದೇ ಗುರಿ ಎಂದು ಬಗೆದ ಅಂತರರಾಷ್ಟ್ರೀಯ ಕಾರ್ಮಿಕ ಸಂಘಟನೆಯ 1957ರ 107ನೆಯ ಒಡಂಬಡಿಕೆಯನ್ನು ಭಾರತ 1958ರಲ್ಲಿ ಸ್ಥಿರೀಕರಿಸಿತು. ಆ ಧೋರಣೆಯನ್ನು ಕೈಬಿಟ್ಟು, ತಮ್ಮ ಸಂಸ್ಥೆಗಳನ್ನು ತಾವೇ ನಡೆಸುವ ಬುಡಕಟ್ಟುಗಳ ಆಶಯವನ್ನು ಮಾನ್ಯ ಮಾಡಿದ 1989ರ 169ನೆಯ ಒಡಂಬಡಿಕೆಯನ್ನು ಇನ್ನೂ ಸ್ಥಿರೀಕರಿಸಿಲ್ಲ. ಅಪರಾಧಿ ಬುಡಕಟ್ಟುಗಳ ಕಾಯ್ದೆ ರದ್ದಾದದ್ದು 1952ರ ಆಗಸ್ಟ್ 31ರಂದು, ಆದರೆ ರೂಢಿಗತ ಅಪರಾಧಿಗಳ (ಮತ್ತೆ ಮತ್ತೆ ಅಪರಾಧ ಮಾಡುವವರೆಂದು ಗುರುತಿಸಿದವರ) ಕಾನೂನುಗಳು ಅದರ ಜಾಗಕ್ಕೆ ಬಂದವು. ಕೆಂಪು ಗೆರೆಯ ಸಾಲನ್ನು ಹೊಡೆದುಹಾಕಿ, ‘ಕೆನಡಾದಲ್ಲಿ ಗುರುತನ್ನು ಅಳಿಸಲು, ಇಲ್ಲಿ ಗುರುತಿಗೆ ಕಟ್ಟಿಹಾಕಲು ಕಾನೂನನ್ನು ಬಳಸಲಾಯಿತು, ಮಕ್ಕಳ ಮೇಲೆ ಕೈಯಿಟ್ಟದ್ದು ಎರಡೂ ಕಡೆ’ ಎಂದು ಬರೆದು ಕಳುಹಿಸಿ ನೋಡಿ.